ಆಯ್ತಾ?

ಹಾಜರಿ ಪುಸ್ತಕಕ್ಕೆ ಒರಗಿಸಿಟ್ಟ ಫೋನು
ಐದನೇ ತರಗತಿಯ ನಲವತ್ತು ನಿಮಿಷವನ್ನೂ
ನುಂಗಿಕೊಂಡು ಬಂದಿತ್ತು.
ರಾತ್ರಿ ಅರಕಲಗೂಡಿನ ಬಾಡಿಗೆ ಮನೆಯಲ್ಲಿ
ಕುಕ್ಕರ್ ಆರುವವರೆಗೆ ಕೇಳೋಣವೆಂದು ಕೂತೆ.

ಮೊದಲಿಗೆ ನಾಚಿಕೆ. ಇದು ನನ್ನ ದನಿಯೇ?
ಇಷ್ಟು ಕೀರಲು, ಇಷ್ಟು ಅವಸರ,
ಕೊನೇ ಬಸ್ಸು ಹಿಡಿಯುವವಳ ಹಾಗೆ
ಭಿನ್ನರಾಶಿಯ ಮೇಲೆ ಓಡುತ್ತಿದ್ದಾಳೆ ಯಾರೋ.
ಎರಡು ಮಾತಿಗೊಮ್ಮೆ ನಿಂತು, ನಿಂತೂ ಅಲ್ಲ, ಎಡವಿ,
"ಆಯ್ತಾ?" ಅನ್ನುತ್ತಾಳೆ.
"ಆಯ್ತೂ ಮಿಸ್."
ಆ 'ತೂ' ಎಷ್ಟು ಉದ್ದವೆಂದರೆ
ಅದರ ಬಾಲ ಹಿಡಿದೇ ಮುಂದಿನ ಲೆಕ್ಕ ಶುರು.

ಎಣಿಸಿದೆ. ಹಾಲಿನ ಲೆಕ್ಕದ ಕ್ಯಾಲೆಂಡರಿನ ಬೆನ್ನಿಗೆ
ಗೀಟೆಳೆಯುತ್ತ, ಐದಕ್ಕೊಂದು ಅಡ್ಡಗೀಟು.
ನಲವತ್ತೊಂದು.
ನಿಮಿಷಕ್ಕೊಂದು, ಮೇಲೊಂದು ಕೊಸರು.

ಮೂರನೇ ಸಲ ಕೇಳುವಾಗ ಸಿಕ್ಕಿತು ಅದು.
ಹದಿನೇಳನೆಯ 'ಆಯ್ತೂ' ಅಡಿಯಲ್ಲಿ,
ಚಾಪೆಯ ಕೆಳಗಿನ ಗುಂಡುಸೂಜಿಯಂತೆ,
ಸಣ್ಣಗೆ ಒಂದು "ಇಲ್ಲ".
ಯಾರಿಗೂ ಹೇಳಿದ್ದಲ್ಲ. ಸುಮ್ಮನೆ,
ನಿಜ ಹೇಳಿ ಅಭ್ಯಾಸವಿದ್ದವರ ಹಾಗೆ.

ಮರುದಿನದಿಂದ ಫೋನು ಬೆಂಚಿಂದ ಬೆಂಚಿಗೆ ವಲಸೆ.
ಸೋಮವಾರ ಕಿಟಕಿ ಪಕ್ಕ: ರಸ್ತೆಯ ಟಿಲ್ಲರು, ಮೋನಿಷನ ಕೆಮ್ಮು.
ಮಂಗಳವಾರ ಹುಡುಗಿಯರ ಸಾಲು: ಬಳೆ, ಪಿಸುಮಾತು,
ಯಾರೋ ಹುಣಸೆಹಣ್ಣು ಚೀಪುವ ಸದ್ದು.
ಗುರುವಾರ ಎಲ್ಲೆಡೆ ಗಪ್‌ಚಿಪ್.
ಫೋನು ಕಂಡರೆ ಮಕ್ಕಳೂ
ಇನ್‌ಸ್ಪೆಕ್ಟರ್ ಬಂದಂತೆ ಕೂರುವುದು ಕಲಿತಿದ್ದರು.
ಬೋರಲಿಂಗಪ್ಪ ಮೇಷ್ಟ್ರು ನಕ್ಕರು:
"ಪತ್ತೇದಾರಿಕೆ ಬಿಡಿ ಟೀಚರ್, ಪೋರ್ಷನ್ ಮುಗಿಸಿ."
ಬಾಯಿಗೆ ಬೀಗ ಹಾಕಿ ನೋಡಿದೆ.
ಆ ದಿನ ಇಪ್ಪತ್ತಾರು. ಮರುದಿನ ಮೂವತ್ತು.
ನಾಲಿಗೆಗೂ ಹನ್ನೆರಡು ವರ್ಷದ ಸರ್ವಿಸ್,
ಅದು ನನ್ನ ಮಾತು ಕೇಳುವುದಿಲ್ಲ.

ಶನಿವಾರ ಬೆಳಗಿನ ಶಾಲೆ. ಸೀಮೆಸುಣ್ಣ ಕೆಳಗಿಟ್ಟು ಕೇಳಿದೆ:
ಯಾರೋ 'ಇಲ್ಲ' ಅಂದಿದ್ದೀರಿ. ಸಿಟ್ಟಿಲ್ಲ. ಯಾರು?
ಕೇಳಿ, ಗೋಡೆಯ ಗಡಿಯಾರದಲ್ಲಿ ಏಳು ಸೆಕೆಂಡು ಎಣಿಸಿದೆ.
ಏಳು ಸೆಕೆಂಡು ಇಷ್ಟು ಅಗಲವೆಂದು ಗೊತ್ತಿರಲಿಲ್ಲ.
ಅಷ್ಟರಲ್ಲಿ ಕಾಳಮ್ಮನ ಸಾರಿಗೆ ಒಗ್ಗರಣೆ ಬಿತ್ತು,
ಹೊಗೆಸೊಪ್ಪಿನ ಬ್ಯಾರನ್ನಿನ ಮೇಲಿಂದ ಒಂದು ಕಾಗೆ
ಎದ್ದು, ಮನಸ್ಸು ಬದಲಿಸಿ, ಮತ್ತೆ ಕೂತಿತು.
ಆಮೇಲೆ ತಸ್ಮಿಯಾ:
"ನಾನಲ್ಲ ಮಿಸ್. ಆದ್ರೆ ನಂಗೂ ಇಲ್ಲ."
ಜವರೇಶ: "ನಾನೂ ಅಲ್ಲ. ನಂಗೂ ಇಲ್ಲ."
ಕೈಗಳೆದ್ದವು, ಅರ್ಧ, ಕಾಲು, ಮೊಣಕೈವರೆಗೆ ಮಾತ್ರ.
ಭಿನ್ನರಾಶಿ ಅಂದರೆ ಇದೇ ಅನ್ನಿಸಿತು.

ಜವರೇಶನದೊಂದು ತಕರಾರು:
"ಬಿತ್ತನೆ ಆಲೂಗೆಡ್ಡೆ ನಾಕು ಹೋಳು ಮಾಡ್ತೀವಲ್ಲ ಮಿಸ್,
ಒಂದು ದಪ್ಪ ಇರ್ತದೆ, ಒಂದು ಇಷ್ಟೇ.
ಕಣ್ಣಿದ್ರೆ ಸಾಕು, ಮೊಳಿತದೆ.
ಅದೂ ಕಾಲೇ ತಾನೆ?
ಪುಸ್ತಕದಲ್ಲಿ ಮಾತ್ರ ಯಾಕೆ ಎಲ್ಲಾ ಸಮ?"

ಹನ್ನೆರಡು ವರ್ಷ ಬೋರ್ಡಿನ ಮೇಲೆ
ದುಂಡು ರೊಟ್ಟಿ ಬರೆದು ನಾಲ್ಕಾಗಿ ಸೀಳಿದವಳು
ಉತ್ತರ ಕಾಣದೆ ಅಂದೆ:
ಸೋಮವಾರ ಒಂದು ಗೆಡ್ಡೆ ತಾ. ಚಾಕು, ತಕ್ಕಡಿ ನಾನು ತರ್ತೀನಿ.

ಹಾಸನದ ಸಭೆಗೆ ಅಚ್ಚಾದ ನಮೂನೆ:
ಸಮಸ್ಯೆ, ಕೈಗೊಂಡ ಕ್ರಮ, ಫಲಿತಾಂಶ.
ತುಂಬಿದೆ: ಅರ್ಥವಾಗಿಲ್ಲ ಅನ್ನುವವರು
ಜೂನ್‌ನಲ್ಲಿ ಒಬ್ಬರು, ಆಗಸ್ಟ್‌ನಲ್ಲಿ ಹದಿನೆಂಟು.
(ಆ ಮೊದಲ ಒಬ್ಬರು ಯಾರೋ, ಇವತ್ತಿಗೂ ಸಿಕ್ಕಿಲ್ಲ.)
ಸಾಹೇಬರು ಕನ್ನಡಕ ಸರಿಸಿ,
"ಇಳೀಬೇಕಾದ್ದು ಏರಿದೆಯಲ್ಲಮ್ಮ?"
"ಹೌದು ಸಾರ್. ಬಹಳ ಕಷ್ಟಪಟ್ಟು ಏರಿಸಿದ್ದು."

ವಿವರಿಸಿದೆ: ಗೆಡ್ಡೆ, ಕಣ್ಣು, ಏಳು ಸೆಕೆಂಡು, ಕಾಗೆ.
ಕೊನೆಗೆ, ಶಿವನೇ, ಅವರನ್ನೂ ಕೇಳಿಬಿಟ್ಟೆ:
"ಆಯ್ತಾ?"
ಸಭೆಗೆ ಸಭೆಯೇ ಅಂದಿತು, "ಆಯ್ತು, ಆಯ್ತು."
ಅದರ ಅಡಿಯಲ್ಲಿ ಏನಾದರೂ ಇತ್ತೋ ಏನೋ,
ಅವತ್ತು ಫೋನು ಬ್ಯಾಗಿನಲ್ಲೇ ಇತ್ತು.